ಅಳು ಬೀಳುವ ತನಕ

ನನ್ನ ತಲೆಯ ಮೇಲೆ ಕಾಗೆ ಕೂತಿತು. ಕೂತದ್ದು ಶ್ರೀರಂಗಪಟ್ಟಣದ ಪಶ್ಚಿಮವಾಹಿನಿಯಲ್ಲಿ, ಹಾಡಹಗಲಲ್ಲಿ, ನಾನು ಕೆಲಸದಲ್ಲಿದ್ದಾಗ. ಅಲ್ಲಿ ನಿನಗೇನು ಕೆಲಸ ಅಂದರೆ, ನಿಲ್ಲುವುದೇ ಕೆಲಸ. ಬೆಳಿಗ್ಗೆಯಿಂದ ಸಂಜೆಯ ತನಕ ಮೊಣಕಾಲುದ್ದ ನೀರಿನಲ್ಲಿ ಅಲುಗಾಡದೆ ನಿಲ್ಲಬೇಕು. ದಡದಲ್ಲಿ ಸ್ಟ್ಯಾಂಡಿನ ಮೇಲೆ ಕ್ಯಾಮೆರಾ ತನ್ನ ಪಾಡಿಗೆ ತಾನು ಓಡುತ್ತಿರಬೇಕು. ಸತ್ತವರ ಬೂದಿ ಬಿಡಲು ಜನ ಬರುತ್ತಾರೆ, ಮುಳುಗುತ್ತಾರೆ, ಪಿಂಡ ಇಡುತ್ತಾರೆ, ತಿರುಗಿ ನೋಡದೆ ಹೋಗುತ್ತಾರೆ. ಎಲ್ಲರೂ ಬಂದು ಹೋಗುವ ಜಾಗದಲ್ಲಿ ಒಬ್ಬಳು ಹೋಗದೆ ನಿಂತುಬಿಟ್ಟರೆ ಹೇಗಿರುತ್ತದೆ ಎಂದು ನೋಡುವ ಆಸೆ ನನಗೆ.

ಮೈಸೂರಿನಲ್ಲಿ ಚಿತ್ರಕಲೆ ಕಲಿತವಳು ನಾನು. ಮೊದಮೊದಲು ಇದ್ದಿಲಿನಲ್ಲಿ ಮನುಷ್ಯರ ಮೈ ಬರೆಯುತ್ತಿದ್ದೆ. ಆಮೇಲೆ ಗೋಡೆಗೆ ಒರಗಿ ನಿಂತು ನನ್ನದೇ ಮೈಯ ಸುತ್ತ ಬೇರೆಯವರ ಕೈಯಲ್ಲಿ ಗೆರೆ ಎಳೆಸಿದೆ. ಕೊನೆಗೆ ಗೆರೆ ಯಾಕೆ, ಮೈಯೇ ಸಾಕಲ್ಲ ಅನ್ನಿಸಿತು. ಮೈ ಮಾಡಿದ್ದು ಸಂಜೆಗೆ ಉಳಿಯುವುದಿಲ್ಲವಲ್ಲ, ಹಾಗಾಗಿ ಕ್ಯಾಮೆರಾ ಬಂತು. ಊರಿನಲ್ಲಿ ಕೇಳಿದವರಿಗೆ ಕ್ಯಾಮೆರಾ ಕೆಲಸ ಅಂದುಬಿಟ್ಟಿದ್ದೇನೆ. ಅಂದಿನಿಂದ ಯಾರ ಮನೆಯಲ್ಲಿ ಮದುವೆ ಗೊತ್ತಾದರೂ ಆಲ್ಬಮ್ಮಿಗೆ ಏನು ರೇಟು ಎಂದು ನನ್ನನ್ನು ಕೇಳುತ್ತಾರೆ.

ಪಿಂಡ ಇಡುವ ಕಡೆ ಕಾಗೆಗೇನು ಬರ. ಅನ್ನ ತಿಂದು ಹೊಟ್ಟೆ ತುಂಬಿದ ಕಾಗೆಯೊಂದು ಅತ್ತಿತ್ತ ನೋಡಿ, ನನ್ನನ್ನು ಕಂಬವೆಂದೇ ತಿಳಿದು ನೆತ್ತಿಯ ಮೇಲೆ ಬಂದು ಕೂತಿತು. ಉಗುರುಗಳು ಕೂದಲೊಳಗೆ ಇಳಿದವು. ಏನೇ ಆದರೂ ಅಲುಗಾಡಬಾರದು ಎಂಬುದು ನಾನೇ ಹಾಕಿಕೊಂಡ ಕಟ್ಟು, ಹಾಗಾಗಿ ಅಲುಗಾಡಲಿಲ್ಲ. ಕಾಗೆ ಆರಾಮವಾಗಿ ಕೊಕ್ಕು ಒರೆಸಿಕೊಂಡಿತು. ನನಗೋ ಒಳಗೊಳಗೇ ಖುಷಿ. ತಪಸ್ಸು ಮಾಡಿದರೂ ಇಂಥ ಶಾಟ್ ಸಿಗುವುದಿಲ್ಲ.

ನನ್ನ ಗ್ರಹಚಾರ, ಅಂದು ನಮ್ಮೂರಿನ ಒಬ್ಬರು ತಮ್ಮ ತಂದೆಯ ಅಸ್ಥಿ ಬಿಡಲು ಅಲ್ಲಿಗೇ ಬಂದಿದ್ದರು. ಒದ್ದೆ ಪಂಚೆಯಲ್ಲಿ ನಿಂತೇ ನಮ್ಮವ್ವನಿಗೆ ಫೋನು ಮಾಡಿದರು. "ಕಾಗೆ ತಲೆ ಮ್ಯಾಲೆ ಕೂತದೆ ಕಣಕ್ಕ. ಓಡಿಸ್ಕೊಳ್ಳದೂ ಇಲ್ಲ ನಿನ್ ಮಗಳು, ಅಂಗೇ ನಿಂತವ್ಳೆ" ಎಂದು ಅವರು ಹೇಳುವುದು ನನಗೂ ಕೇಳಿಸುತ್ತಿತ್ತು. ಬಾಯಿ ಬಿಡುವಂತಿರಲಿಲ್ಲ. ಕ್ಯಾಮೆರಾ ಓಡುತ್ತಿತ್ತು.

ಕಾಗೆ ಮುಟ್ಟಿದರೆ ಸಾವಿನ ಗಂಡಾಂತರ ಎಂದು ನಮ್ಮ ಕಡೆ ನಂಬಿಕೆ. ಅದು ಕಳೆಯಬೇಕಾದರೆ, ಮುಟ್ಟಿಸಿಕೊಂಡವರು ಸತ್ತೇ ಹೋದರು ಎಂದು ಹತ್ತಿರದ ನೆಂಟರಿಗೆ ಸುಳ್ಳು ಸುದ್ದಿ ಕಳಿಸಬೇಕು. ಕೇಳಿದವರು ನಿಜವೆಂದು ನಂಬಿ ಅಳಬೇಕು. ಅಳು ಬಿದ್ದರೆ ಸಾವಿಗೆ ಸಲ್ಲಬೇಕಾದ್ದು ಸಂದಂತೆ; ಆಮೇಲೆ ಸುಳ್ಳೆಂದು ಹೇಳಿ, ಬೈಸಿಕೊಂಡು, ಊಟ ಹಾಕಿ ಕಳಿಸುವುದು. ನಮ್ಮ ಮನೆಯಲ್ಲಿ ಇದರ ಮೇಲೆ ಇನ್ನೊಂದು ಕಟ್ಟಳೆ ಇದೆ. ಅಳು ಬೀಳುವ ತನಕ ಮುಟ್ಟಿಸಿಕೊಂಡವರು ಹೊಸಿಲು ದಾಟುವಂತಿಲ್ಲ. ಸತ್ತವರು ಎದ್ದು ಓಡಾಡಿದರೆ ಸುದ್ದಿಗೆ ಬೆಲೆ ಎಲ್ಲಿ ಉಳಿಯುತ್ತದೆ?

ಇದನ್ನೆಲ್ಲ ನಂಬುವವಳಲ್ಲ ನಾನು. ಆದರೆ ಅಪ್ಪನಿಗೂ ಕಾಗೆ ಮುಟ್ಟಿತ್ತು. ನಾಲೆ ಏರಿಯ ಮೇಲೆ ಸೈಕಲ್ ತುಳಿದು ಬರುತ್ತಿದ್ದಾಗ ತಲೆಗೆ ಬಡಿದು ಹಾರಿತಂತೆ. ಸುದ್ದಿ ಕಳಿಸೋಣ ಎಂದು ಅವ್ವ ಅಂದರೆ ಅಪ್ಪ ಬಿದ್ದು ಬಿದ್ದು ನಕ್ಕಿದ್ದ. ಆ ಬೇಸಗೆ ಕಳೆಯುವುದರೊಳಗೆ ಕಬ್ಬಿನ ಗದ್ದೆಯ ಬದುವಿನ ಮೇಲೆ ಕೂತವನು ಹಾಗೇ ಒರಗಿಬಿಟ್ಟ. ಡಾಕ್ಟರು ಹಾರ್ಟು ಎಂದರು, ಅವ್ವ ಕಾಗೆ ಎಂದಳು. ಡಾಕ್ಟರ ಜೊತೆ ವಾದ ಮಾಡಬಹುದು. ಗಂಡನನ್ನು ಕಳೆದುಕೊಂಡು, ಅಂದು ಹಟ ಹಿಡಿದು ಒಂದು ಸುಳ್ಳು ಹೇಳಿದ್ದರೆ ಉಳಿಸಿಕೊಳ್ಳುತ್ತಿದ್ದೆ ಎಂದು ಕೊರಗುವ ಹೆಂಗಸಿನ ಜೊತೆ ಯಾವ ವಾದ ಮಾಡುವುದು? ಸಂಜೆ ನೀರಿನಿಂದ ಮೇಲೆ ಬಂದು ಫೋನು ಎತ್ತಿದರೆ, ಈಗಲೇ ಊರಿಗೆ ಬಾ ಎಂದಳು ಅವ್ವ. ನಾಳೆ ಬರುತ್ತೇನೆ ಎಂದೆ.

ಮಾರನೆಯ ದಿನ ಸಂಜೆ ನಾನು ಮೈಸೂರಿನಲ್ಲಿ ಕೇರಳದ ರೈಲು ಹತ್ತಬೇಕಿತ್ತು. ಅಲ್ಲಿನ ಒಂದು ದೊಡ್ಡ ಪ್ರದರ್ಶನಕ್ಕೆ ಮೊದಲ ಸಲ ಕರೆದಿದ್ದರು. ಹಳೆಯ ಗೋದಾಮಿನ ನಡುವೆ ಒಂದು ಹಗಲು ಪೂರ್ತಿ ನಾನು ನಿಲ್ಲಬೇಕು, ಹಿಂದಿನ ಗೋಡೆಯ ಮೇಲೆ ನನ್ನ ನದಿಯ ಚಿತ್ರ ಓಡಬೇಕು. ಚಿತ್ರ ಬರೆಯುವವರಾದರೆ ಚಿತ್ರವನ್ನು ಪಾರ್ಸೆಲ್ ಮಾಡಿ ಮನೆಯಲ್ಲಿ ಕೂರಬಹುದು. ನನ್ನ ಕಸುಬಿನಲ್ಲಿ ಆ ಸೌಕರ್ಯವಿಲ್ಲ, ನಾನು ಹೋಗದಿದ್ದರೆ ಅಲ್ಲಿ ಬರೀ ನೆಲ. ಬೆಳಿಗ್ಗೆ ಊರಿಗೆ ಹೋಗಿ, ಅವ್ವನ ಸಮಾಧಾನಕ್ಕೆ ಒಂದು ಸುಳ್ಳು ಫೋನು ಮಾಡಿಸಿ, ಉಂಡು, ಮಧ್ಯಾಹ್ನದ ಬಸ್ಸಿಗೆ ಹೊರಡುವುದು ಎಂದು ಲೆಕ್ಕ ಹಾಕಿದೆ. ಬೆನ್ನುಚೀಲ ಹಾಕಿಕೊಂಡೇ ಹೋದೆ.

ನಮ್ಮೂರು ಪಾಂಡವಪುರದಿಂದ ನಾಗಮಂಗಲಕ್ಕೆ ಹೋಗುವ ದಾರಿಯಲ್ಲಿದೆ. ಬಾಗಿಲಲ್ಲೇ ಅವ್ವ ನನ್ನ ತಲೆಯ ಮೇಲೆ ಒಂದು ಚೊಂಬು ನೀರು ಸುರಿದಳು. ಒದ್ದೆ ತಲೆಯಲ್ಲೇ ಕೈ ಹಿಡಿದು ನಡುಕೋಣೆಗೆ ಕರೆದುಕೊಂಡು ಹೋದಳು, ಫೋನು ಇಸಿದುಕೊಂಡು ಸೊಂಟಕ್ಕೆ ಸಿಕ್ಕಿಸಿಕೊಂಡಳು, ಬಾಗಿಲು ಮುಚ್ಚಿದಳು. ಹೊಸಿಲು ಅಂದರೆ ಮನೆಯ ಹೊಸಿಲು ಎಂದುಕೊಂಡಿದ್ದೆ. ಕೋಣೆಯದೇ ಅಂತೆ.

ಆ ಕೋಣೆಯಲ್ಲಿ ಹಸುವಿಗೆ ಹಾಕುವ ಬೂಸಾ ಮತ್ತು ಹಿಂಡಿಯ ಮೂಟೆಗಳು ಬಿಟ್ಟರೆ ಬೇರೇನಿಲ್ಲ. ಕೊಟ್ಟಿಗೆಯ ಕಡೆಗೆ ಒಂದು ಸಣ್ಣ ಕಿಟಕಿ. ಹಸು ಅದರಿಂದ ನನ್ನನ್ನು ನೋಡಿ, ಇವಳೇನು ಮೇವು ಕೊಡುವ ಪೈಕಿಯಲ್ಲ ಎಂದು ಮುಖ ತಿರುಗಿಸಿತು. ನಾನು ಮುಚ್ಚಿದ ಜಾಗಗಳಿಗೆ ಹೊಸಬಳಲ್ಲ. ಒಮ್ಮೆ ಗಾಜಿನ ಪೆಟ್ಟಿಗೆ ಮಾಡಿಸಿಕೊಂಡು ಅದರೊಳಗೆ ಇಡೀ ಹಗಲು ಕೂತಿದ್ದೇನೆ. ಜನ ಸುತ್ತ ನಿಂತು, ಎಂಥ ಧೈರ್ಯ ಅಂದಿದ್ದರು. ಧೈರ್ಯ ಎಲ್ಲಿಂದ ಬಂತು, ಚಿಲಕ ನನ್ನ ಕಡೆಗೇ ಇತ್ತು. ಇಲ್ಲಿ ಬಾಗಿಲಿಗೆ ಚಿಲಕವನ್ನೂ ಹಾಕಿರಲಿಲ್ಲ. ಬೆರಳಿನಲ್ಲಿ ತಳ್ಳಿದರೆ ತೆರೆಯುತ್ತಿತ್ತು. ತಳ್ಳಲಾಗಲಿಲ್ಲ. ಬಾಗಿಲ ಆಚೆ ಅವ್ವ ಕೂತಿದ್ದಳು.

ಯಾರಿಗೆ ಸುದ್ದಿ ಹೇಳುವುದು ಎಂದು ಅವ್ವ ಬಾಗಿಲಾಚೆಯಿಂದಲೇ ನನ್ನ ಜೊತೆ ಚರ್ಚೆಗೆ ಕೂತಳು. ಕೆ.ಆರ್.ಪೇಟೆಯ ಸೋದರಮಾವನಿಗೆ ಹೇಳಬಹುದಿತ್ತು, ಅವನು ಅಳುವುದರಲ್ಲಿ ನಿಸ್ಸೀಮ. ಆದರೆ ಅವನಿಗೆ ಎದೆಯಲ್ಲಿ ಸ್ಟೆಂಟು ಹಾಕಿದ್ದಾರೆ, ಸುಳ್ಳು ಸಾವಿನಿಂದ ನಿಜವಾದ ಸಾವು ಬಂದರೆ ಯಾರು ಹೊಣೆ? ಬೆಳಗೊಳದ ದೊಡ್ಡವ್ವನಿಗೆ ಕಿವಿ ಮಂದ. ಅವಳಿಗೆ ಕೇಳುವಂತೆ ಕೂಗಿದರೆ ನಮ್ಮ ಬೀದಿಗೆಲ್ಲ ಕೇಳಿ ಜನ ಸೇರುತ್ತಾರೆ. ಕೊನೆಗೆ ಉಳಿದವಳು ನಾಗಮಂಗಲದ ಅಕ್ಕ. ಅವ್ವ ಮೊದಲಿನಿಂದಲೂ ಮಾತನ್ನು ಅವಳ ಕಡೆಗೇ ತರುತ್ತಿದ್ದಳು ಎಂದು ನನಗೆ ಈಗ ಅನ್ನಿಸುತ್ತದೆ.

ಅಕ್ಕ ನನ್ನ ಜೊತೆ ಮಾತು ಬಿಟ್ಟು ವರ್ಷಗಳಾಗಿದ್ದವು. ಭಾವನ ತಮ್ಮನಿಗೆ ನನ್ನನ್ನು ಕೊಡುವುದೆಂದು ಹಿರಿಯರು ಮಾತಾಡಿದ್ದರು, ಎಲೆ ಅಡಿಕೆಯೂ ಬದಲಾಗಿತ್ತು. ಅಷ್ಟಾದ ಮೇಲೆ ನಾನು ಒಲ್ಲೆ ಎಂದೆ. ಈಗ ಕೇಳಿದರೂ ಒಲ್ಲೆ ಎಂದೇ ಅನ್ನುತ್ತೇನೆ. ಆದರೆ ಅಕ್ಕ ಅದೇ ಮನೆಯಲ್ಲಿ ಬಾಳಬೇಕಿತ್ತು. ಅವಳ ಅತ್ತೆ ಸಾರಿಗೆ ಉಪ್ಪು ಕಮ್ಮಿಯಾದರೂ ನಿನ್ನ ತಂಗಿ ಎಂದೇ ಮಾತು ಶುರು ಮಾಡುತ್ತಿದ್ದರಂತೆ. ಹಬ್ಬಕ್ಕೆ ನಾನು ಬರುತ್ತೇನೆಂದು ಗೊತ್ತಾದರೆ ಅವಳು ಬರುತ್ತಿರಲಿಲ್ಲ. ಬಂದಾಗಲೂ ನನ್ನನ್ನು ದಾಟಿಕೊಂಡು ಅವ್ವನ ಜೊತೆ ಮಾತಾಡುತ್ತಿದ್ದಳು.

"ಅವಳು ಅಳಕ್ಕಿಲ್ಲ ಬುಡವ್ವ," ಎಂದೆ.

"ವಡಹುಟ್ಟಿದೋಳು ಕಣೆ," ಎಂದಳು ಅವ್ವ, ನಂಬರು ಒತ್ತುತ್ತಾ.

ಬಾಗಿಲ ಸಂದಿಗೆ ಕಿವಿ ಕೊಟ್ಟು ನನ್ನ ಸಾವಿನ ಸುದ್ದಿಯನ್ನು ನಾನೇ ಕೇಳಿಸಿಕೊಂಡೆ. ನಿನ್ ತಂಗಿ ಓಗ್ಬುಟ್ಲು ಕಣೆ ಎನ್ನುವಾಗ ಅವ್ವನ ಗಂಟಲು ನಿಜವಾಗಿಯೇ ಕಟ್ಟಿತು. ಸುಳ್ಳು ಹೇಳುವಾಗ ಅವ್ವ ಅಷ್ಟು ಚೆನ್ನಾಗಿ ಹೇಳುತ್ತಾಳೆಂದು ಗೊತ್ತಿರಲಿಲ್ಲ. ಆ ಕಡೆಯಿಂದ ಏನೂ ಕೇಳಲಿಲ್ಲ. ಹಲೋ ಹಲೋ ಎಂದಳು ಅವ್ವ. ಫೋನು ಕಟ್ಟಾಗಿತ್ತು.

"ಅಳ್ಲೇ ಇಲ್ಲ ಕಣೆ," ಎಂದಳು.

ನನಗೆ ಏನಾಯಿತು ಎಂದು ಹೇಳಿಬಿಡುತ್ತೇನೆ. ಅಳುವುದಿಲ್ಲ ಎಂದು ಜಂಬದಿಂದ ಹೇಳಿದವಳು ನಾನೇ, ಆದರೂ ಒಳಗೆ ಎಲ್ಲೋ ಅತ್ತೇ ಅಳುತ್ತಾಳೆ ಎಂದುಕೊಂಡಿದ್ದೆ. ನಾನು ಸತ್ತೆ ಎಂದು ಕೇಳಿ, ಒಂದು ಉಸಿರೂ ಬಿಡದೆ ಫೋನು ಇಟ್ಟಳಲ್ಲ. ಬೂಸಾ ಮೂಟೆಯ ಮೇಲೆ ಕೂತು ಗೋಡೆ ನೋಡಿದೆ. ಅಳು ಬೀಳದೆ ಅವ್ವ ಬಿಡುವುದಿಲ್ಲ, ಅಕ್ಕ ಅಳುವುದಿಲ್ಲ, ರೈಲು ನಿಲ್ಲುವುದಿಲ್ಲ. ಮೂರೂ ಕಡೆಯಿಂದ ಸಿಕ್ಕಿಬಿದ್ದಿದ್ದೆ.

ಅಷ್ಟರಲ್ಲಿ ಅವ್ವನ ಸೊಂಟದಲ್ಲಿ ನನ್ನ ಫೋನು ಹೊಡೆದುಕೊಂಡಿತು. ಪ್ರದರ್ಶನದವರದು. ಅಲ್ಲಿ ನನ್ನನ್ನು ನೋಡಿಕೊಳ್ಳಲು ಕಾಸರಗೋಡಿನ ಹುಡುಗಿಯೊಬ್ಬಳನ್ನು ನೇಮಿಸಿದ್ದರು, ಅವಳಿಗೆ ಕನ್ನಡ ಬರುತ್ತದೆ, ಆದರೆ ಪುಸ್ತಕದ ಕನ್ನಡ. ಕೊಡವ್ವ ಎಂದು ಒಳಗಿಂದ ಗೋಡೆ ಬಡಿದೆ. ಸತ್ತವರಿಗೆ ಫೋನು ಕೊಡುವ ಪದ್ಧತಿಯಿಲ್ಲ. ಅಳು ಬೀಳುವ ತನಕ ಯಾರಿಗೂ ನಿಜ ಹೇಳಬಾರದು ಎಂಬ ನೇಮವನ್ನು ಅವ್ವ ಕೇರಳದವರೆಗೂ ಪಾಲಿಸಿದಳು. "ಓಗ್ಬುಟ್ಲು ಕಣಮ್ಮ ಅವಳು," ಎಂದಳು, ಅದೇ ಕಟ್ಟಿದ ಗಂಟಲಿನಲ್ಲಿ. ಆ ಹುಡುಗಿ ಹೋಗಿಬಿಟ್ಟಳು ಅಂದರೆ ಹೊರಟುಬಿಟ್ಟಳು ಎಂದು ತಿಳಿದು, ಬಹಳ ಸಂತೋಷ ಅಮ್ಮಾ, ನಾವು ಸ್ಟೇಷನ್ನಿಗೆ ಗಾಡಿ ಕಳಿಸುತ್ತೇವೆ ಎಂದಳಂತೆ. ಮಗಳು ಸತ್ತಳೆಂದರೆ ಸಂತೋಷ ಎನ್ನುವ ಇವರೆಂಥ ಜನ, ಇಂಥವರ ಹತ್ತಿರವಾ ನೀನು ಹೋಗುವುದು ಎಂದು ಅವ್ವ ನನ್ನನ್ನೇ ಗದರಿಸಿದಳು. ನಗು ಬಂತು, ನಕ್ಕರೆ ಅಳುವೂ ಬರುವ ಹಾಗಿತ್ತು. ನಾನಿಲ್ಲದ ರೈಲಿಗೆ ಅಲ್ಲಿ ಗಾಡಿ ಕಾಯುತ್ತದೆ.

ಮಧ್ಯಾಹ್ನ ರಸ್ತೆಯಲ್ಲಿ ಬಸ್ಸು ನಿಂತ ಸದ್ದಾಯಿತು. ಸ್ವಲ್ಪ ಹೊತ್ತಿಗೆ ಅಂಗಳದಲ್ಲಿ ಹೆಜ್ಜೆ. ಅಕ್ಕ. ಅವಳ ನಡಿಗೆ ನನಗೆ ಗೊತ್ತು, ಹಿಮ್ಮಡಿ ಊರಿ ನಡೆಯುತ್ತಾಳೆ. ಉಸಿರು ಬಿಗಿಹಿಡಿದು ಕಾದೆ, ಈಗ ಅತ್ತಾಳು, ಈಗ ಅತ್ತಾಳು ಎಂದು. ಹೆಜ್ಜೆ ಮನೆಯ ಬಾಗಿಲ ಬಳಿ ಒಂದು ಗಳಿಗೆ ನಿಂತಿತು. ಆಮೇಲೆ ಅವಳು ಒಳಗೆ ಬಂದು ಕುಡಿಯಲು ನೀರು ಕೇಳಿದಳು. ಬಿಸಿಲಲ್ಲಿ ಬಂದ ನೆಂಟರು ಕೇಳುವ ಹಾಗೆ ಕೇಳಿದಳು.

ಅಕ್ಕ ನೀರು ಕುಡಿದು ಲೋಟ ಕೆಳಗಿಟ್ಟು, ಎಲ್ಲಿ ಮಲಗಿಸಿದ್ದೀ ಎಂದು ಕೇಳಿದಳು. ಅವ್ವ ಓಡಿಬಂದು ಕೋಣೆಯ ಬಾಗಿಲಿಗೆ ಬೆನ್ನು ಕೊಟ್ಟು ನಿಂತಳೆಂದು ಕಾಣುತ್ತದೆ, ಹಲಗೆ ಅಲುಗಿತು. ಒಳಗೆ ಬೆಳಕಿನಲ್ಲಿ ಆಡುವ ಬೂಸಾ ಧೂಳಿನ ನಡುವೆ ನಾನು ಕೆಮ್ಮು ತಡೆದುಕೊಂಡು ಮೂಗು ಮುಚ್ಚಿ ಕೂತಿದ್ದೆ. ಇಡೀ ದಿನ ನದಿಯಲ್ಲಿ ನಿಂತು ರೆಪ್ಪೆಯನ್ನೂ ಅಂಕೆಯಲ್ಲಿಟ್ಟುಕೊಂಡವಳಿಗೆ ಒಂದು ಕೆಮ್ಮು ತಡೆಯಲಾಗಲಿಲ್ಲ.

"ಮೊದ್ಲು ಅತ್ಬುಡು ಮಗಾ," ಎಂದಳು ಅವ್ವ.

"ಸತ್ತೋಳು ಒಳಗೆ ಕೆಮ್ತಾವ್ಳಲ್ಲವ್ವ," ಎಂದಳು ಅಕ್ಕ.

ಅವ್ವ ಅಲ್ಲೇ ಕೂತಳು. ಕಾಗೆಯಿಂದ ಹಿಡಿದು ಎಲ್ಲವನ್ನೂ ಹೇಳಿಕೊಂಡಳು, ಅಪ್ಪನ ಮಾತನ್ನೂ ತೆಗೆದಳು. ಗೊತ್ತಾದ ಮೇಲೆಯೂ ಅತ್ತರೆ ನಡೆಯುತ್ತದೆ, ಒಂದು ಹನಿ ಸಾಕು, ನಿನ್ನ ಕಾಲಿಗೆ ಬೀಳುತ್ತೇನೆ ಎಂದಳು. ಅಕ್ಕ ಬೈಯಲಿಲ್ಲ. ನನಗೆ ಅಳು ಬರಕ್ಕಿಲ್ಲ ಎಂದಳು, ಅಷ್ಟೆ. ಎದ್ದು ಒಲೆಯ ಕಡೆಗೆ ಹೋದಳು. ಸ್ವಲ್ಪ ಹೊತ್ತಿಗೆ ಮುದ್ದೆ ತೊಳಸುವ ಸದ್ದು ಕೇಳಿಸಿತು.

ಮುದ್ದೆ, ಉಪ್ಸಾರು ಇಟ್ಟ ತಟ್ಟೆಯನ್ನು ಅಕ್ಕನೇ ತಂದಳು. ಬಾಗಿಲು ಒಂದು ಗೇಣು ತೆರೆಯಿತು, ಬಳೆಯ ಕೈ ಒಳಗೆ ಬಂತು. ತಟ್ಟೆ ಹಿಡಿದುಕೊಂಡು, ನಾನು ಅಷ್ಟು ವರ್ಷಗಳ ಮೇಲೆ ಅವಳಿಗೆ ಆಡಿದ ಮೊದಲ ಮಾತು ಇದು: "ಅಕ್ಕ, ಸುಳ್ಳುಸುಳ್ಳೇ ಒಂದ್ಸಲ ಅತ್ಬುಡು. ನಂಗೆ ರೈಲು ಐತೆ." ಹೇಗೆ ಅಳಬೇಕೆಂದೂ ಹೇಳಿಕೊಟ್ಟೆ. ಉಸಿರನ್ನು ಮೇಲೆ ಮೇಲೆ ಎಳೆದುಕೋ, ಗಂಟಲು ಬಿಗಿ ಮಾಡು, ಕಣ್ಣು ಪಿಳುಕಿಸಬೇಡ, ತಾನಾಗಿ ನೀರು ಬರುತ್ತದೆ. ನಟನೆ ಬೇರೆ, ನಾನು ಮಾಡುವುದು ಬೇರೆ ಎಂದು ಕಂಡಕಂಡಲ್ಲಿ ಭಾಷಣ ಬಿಗಿಯುವವಳು, ಬೂಸಾ ಮೂಟೆಗಳ ನಡುವೆ ನಿಂತು ಅಕ್ಕನಿಗೆ ಕಳ್ಳ ಅಳು ಕಲಿಸುತ್ತಿದ್ದೆ. ಅವಳು ಪೂರ್ತಿ ಕೇಳಿಸಿಕೊಂಡಳು. ಸಾರು ಆರೋಯ್ತದೆ, ಉಣ್ಣು ಎಂದು ಬಾಗಿಲು ಮುಚ್ಚಿದಳು.

ಆಮೇಲಿನದು ಹೇಳಲು ಏನಿಲ್ಲ, ಅದೇ ಅದರ ಹಿಂಸೆ. ಮಧ್ಯಾಹ್ನದ ಬಸ್ಸು ಹೋದ ಸದ್ದು ಕೇಳಿತು. ಅದಾದ ಮೇಲಿನದೂ ಹೋಯಿತು. ಅಕ್ಕ ಪಾತ್ರೆ ಬೆಳಗಿದಳು, ಕೊಟ್ಟಿಗೆ ಗುಡಿಸಿದಳು. ಕಿಟಕಿಯಿಂದ ಅವಳ ಬೆನ್ನು ಕಾಣುತ್ತಿತ್ತು. ಮೊದಲಿಗಿಂತ ದಪ್ಪಗಾಗಿದ್ದಳು. ನನಗೆ ಅವಳ ಮೇಲೆ ಕೋಪ ಉಕ್ಕಿ ಬರುತ್ತಿತ್ತು. ಬಾಗಿಲು ತಳ್ಳಿ ಹೊರಟೇಬಿಡುವುದು ಎಂದು ಚೀಲ ಹೆಗಲಿಗೇರಿಸಿ ಎದ್ದು ನಿಂತೆ. ನಿಂತೇ ಇದ್ದೆ. ಸಂದಿಯಲ್ಲಿ ಅವ್ವನ ಪಾದಗಳು ಕಾಣುತ್ತಿದ್ದವು, ಸುಮ್ಮನೆ ಒಂದರ ಮೇಲೊಂದು ಉಜ್ಜಿಕೊಳ್ಳುತ್ತಿದ್ದವು. ನಾನು ದಾಟಿದರೆ, ಇನ್ನು ಮುಂದೆ ನನ್ನ ಒಂದು ನೆಗಡಿಗೂ ಆ ಪಾದಗಳು ನಿದ್ದೆ ಮಾಡುವುದಿಲ್ಲ. ಚೀಲ ಇಳಿಸಿದೆ.

ಹೊತ್ತು ಇಳಿಯಿತು. ಇನ್ನು ಕಾರು ಮಾಡಿಕೊಂಡು ಹೋದರೂ ಮೈಸೂರಿನ ರೈಲು ಸಿಗುವುದಿಲ್ಲ ಎನ್ನುವ ಗಳಿಗೆ ಬಂತು, ಹೋಯಿತು. ಅವ್ವ ಹಾಲು ಹಾಕಲು ಡೈರಿಗೆ ಹೋದಳು. ಹೋಗುವಾಗ ಅಕ್ಕನನ್ನು ಕಾವಲಿಗೆ ಕೂರಿಸಿದಳು. ದೇವರ ಮುಂದೆ ದೀಪ ಹಚ್ಚಿದ ಅಕ್ಕ, ಕೋಣೆಯ ಬಾಗಿಲನ್ನು ಪೂರ್ತಿ ತೆರೆದು ಒಳಗೆ ಬಂದು, ನನ್ನ ಎದುರಿನ ಮೂಟೆಯ ಮೇಲೆ ಕೂತಳು.

"ಬಸ್ಸಲ್ಲೇ ಅತ್ಬುಟ್ಟೆ ಕಣೆ," ಎಂದಳು. "ನಾಗಮಂಗ್ಲ ಬುಟ್ಟಾಗ್ನಿಂದ ಜಕ್ಕನಳ್ಳಿ ಗಂಟ ಅತ್ತೆ."

ಜಕ್ಕನಹಳ್ಳಿ ಅಂದರೆ ನಮ್ಮೂರಿಗೆ ಮುಂಚಿನ ಸ್ಟಾಪು. ಅವಳು ಸೆರಗಿನ ತುದಿ ನೋಡಿಕೊಂಡು ಒಂದೇ ಸಮನೆ ಹೇಳುತ್ತಾ ಹೋದಳು. ಅವ್ವನ ಮಾತು ಕೇಳಿ ಫೋನು ಕೈಯಿಂದ ಬಿದ್ದಿತಂತೆ. ಉಟ್ಟ ಸೀರೆಯಲ್ಲೇ ಓಡಿ ಬಸ್ಸು ಹಿಡಿದಳಂತೆ. ಅವಳು ಅಳುವುದನ್ನು ನೋಡಿ ಕಂಡಕ್ಟರು ಫ್ರೀ ಟಿಕೆಟ್ಟಿಗೆ ಆಧಾರ್ ಕಾರ್ಡೂ ಕೇಳಲಿಲ್ಲವಂತೆ. ಗುರುತಿಲ್ಲದ ಒಬ್ಬ ಹೆಂಗಸು ಪಕ್ಕಕ್ಕೆ ಕೂರಿಸಿಕೊಂಡು, ತಲೆಯನ್ನು ತನ್ನ ಹೆಗಲಿಗೆ ಒರಗಿಸಿಕೊಂಡಳಂತೆ. ನಮ್ಮೂರಿನಲ್ಲಿ ಇಳಿದು ಬಂದು ನೋಡಿದರೆ ಮನೆಯ ಮುಂದೆ ಬೆಂಕಿ ಹಾಕಿಲ್ಲ, ಶಾಮಿಯಾನ ಇಲ್ಲ, ಹಸು ಮೆಲುಕು ಹಾಕುತ್ತಿದೆ. ಬಾಗಿಲಲ್ಲಿ ನಿಂತ ಒಂದು ಗಳಿಗೆಯಲ್ಲಿ ಎಲ್ಲ ತಿಳಿಯಿತಂತೆ.

ಅಂದರೆ ಅವಳು ಈ ಮನೆಗೆ ಕಾಲಿಡುವ ಮೊದಲೇ ಅಳು ಬಿದ್ದಿತ್ತು. ನಾನು ಮಧ್ಯಾಹ್ನದಿಂದ ಬಿಡುಗಡೆಯಾಗಿಯೇ ಇದ್ದೆ. ಬಂದಾಗಲೇ ಯಾಕೆ ಹೇಳಲಿಲ್ಲ ಎಂದು ಕಿರುಚಿದೆ.

"ಯೋಳಿದ್ರೆ ನೀನು ಎದ್ದು ಓಯ್ತಿದ್ದೆ," ಎಂದಳು ಅಕ್ಕ.

ಬಾಯಿಗೆ ಬಂದಂತೆ ಬೈದೆ. ನನ್ನ ಬದುಕಿನ ದೊಡ್ಡ ಅವಕಾಶ ಹಾಳಾಯಿತು ಎಂದೆ, ಎಷ್ಟು ತಿಂಗಳ ಕೆಲಸ ಗೊತ್ತಾ ಎಂದೆ, ಇನ್ನು ಅವರು ನನ್ನನ್ನು ಕರೆಯುವುದಿಲ್ಲ ಎಂದೆ. ಮುಂದೆ ಆದದ್ದೂ ಹಾಗೆಯೇ, ಅವರು ಕರೆಯಲಿಲ್ಲ. ಅಕ್ಕ ತಡೆಯಲಿಲ್ಲ. ಅತ್ತೆಯಿಂದ ಬೈಸಿಕೊಂಡು ಅಭ್ಯಾಸವಿದ್ದವಳ ಹಾಗೆ, ಮುಗಿಯುವ ತನಕ ಕಾದಳು. ಆಮೇಲೆ ಮೊದಲ ಸಲ ತಲೆಯೆತ್ತಿ ನೋಡಿದಳು. ಕಣ್ಣುಗಳು ಊದಿದ್ದವು. ತಟ್ಟೆ ಕೊಟ್ಟಾಗ ಬಾಗಿಲ ಸಂದಿಯಲ್ಲಿ ನನಗೆ ಕೈಯಷ್ಟೇ ಕಂಡಿತ್ತು, ಅವ್ವ ಗಾಬರಿಯಲ್ಲಿ ಮುಖ ನೋಡಿರಲಿಕ್ಕಿಲ್ಲ.

"ಬಸ್ಸಲ್ಲಿ ಆ ಯಮ್ಮ ಕೇಳುದ್ಲು, ನಿನ್ ತಂಗಿ ಏನ್ ಮಾಡ್ತಿದ್ಲವ್ವ ಅಂತ. ನಂಗೆ ಗೊತ್ತಿರ್ಲಿಲ್ಲ ಕಣೆ. ಸತ್ತೋಗವ್ಳೆ, ಏನ್ ಮಾಡ್ತಿದ್ಲು ಅಂತ್ಲೂ ಗೊತ್ತಿಲ್ಲ ನಂಗೆ. ಅದ್ಕೇ ಜಾಸ್ತಿ ಅಳು ಬಂತು." ಮೂಗು ಒರೆಸಿಕೊಂಡಳು. "ಈಗ ಯೋಳು. ಏನ್ ಮಾಡ್ತೀಯೆ ನೀನು?"

ಈ ಪ್ರಶ್ನೆಗೆ ನನ್ನ ಬಳಿ ಉತ್ತರವಿಲ್ಲದೆ ಇಲ್ಲ. ಪ್ರದರ್ಶನಗಳಿಗೆ ಆಯ್ಕೆ ಮಾಡುವವರ ಮುಂದೆ, ಪತ್ರಕರ್ತರ ಮುಂದೆ, ಮೈಕಿನ ಮುಂದೆ ಹೇಳಿ ಹೇಳಿ ಬಾಯಿಪಾಠವಾಗಿದೆ. ದೇಹ, ಕಾಲ, ಗೈರುಹಾಜರಿ ಎಂದೆಲ್ಲ ಅದರಲ್ಲಿ ಬರುತ್ತದೆ, ಎಲ್ಲವೂ ಇಂಗ್ಲಿಷಿನಲ್ಲಿ. ಬಾಯಿ ತೆರೆದೆ. ಮೊದಲ ಪದವನ್ನು ಅಕ್ಕನ ಮಾತಿಗೆ ತಿರುಗಿಸಲು ನೋಡಿದೆ, ಆಗಲಿಲ್ಲ. ಎರಡನೆಯದನ್ನು ಹಿಡಿದೆ, ಅದೂ ಆಗಲಿಲ್ಲ. ಬಾಗಿಲು ಪೂರ್ತಿ ತೆರೆದಿತ್ತು, ಯಾರೂ ಅಡ್ಡ ಇರಲಿಲ್ಲ, ಆದರೂ ಇಡೀ ದಿನದಲ್ಲಿ ಅಷ್ಟು ಸಿಕ್ಕಿಹಾಕಿಕೊಂಡದ್ದು ನಾನು ಆಗಲೇ. ಅಕ್ಕ ಮೂಟೆಯ ಮೇಲೆ ಕಾಲು ಮಡಿಸಿ ಕೂತು, ನನ್ನ ಮುಖವನ್ನೇ ನೋಡುತ್ತಾ ಕಾದಳು.